ಆಟ ಮಾರಿ ಹಗ್ಗ ಇಟ್ಟುಕೊಳ್ಳುವವರಿಗೆ

ನಡುಕಟ್ಟೆ, ಹುಬ್ಬಳ್ಳಿ
ಬಿಡುತಿಂಗಳು, ೨೧೬೮

ಈರಬಸು ಸಂಶಿ ಅವರಿಗೆ, ಇನ್ನೂ ಹುಟ್ಟಿರದ ಶಾಕಾಂಬರಿ ಹೆಬಸೂರ ಮಾಡುವ ನಮಸ್ಕಾರಗಳು.

ಮೇಲಿನ ತಾರೀಖು ನೋಡಿ ಗಾಬರಿಯಾಗಬೇಡಿ. ಬಿಡುತಿಂಗಳು ಎಂದರೆ ನಮ್ಮ ಹದಿಮೂರನೆಯ ತಿಂಗಳು. ಎಲ್ಲ ತಿಂಗಳುಗಳಿಗೂ ಸರಿಸಮವಾಗಿ ದಿನ ಹಂಚಿ, ಉಳಿದ ಚೂರುಪಾರು ದಿನಗಳನ್ನು ವರ್ಷದ ಕೊನೆಗೆ ಗಂಟು ಕಟ್ಟಿ ಇಟ್ಟಿದ್ದೇವೆ. ಆ ದಿನಗಳಲ್ಲಿ ಅಂಚೆಮನೆ ಬಿಟ್ಟು ಉಳಿದ ಕಚೇರಿಗಳಿಗೆ ರಜೆ, ಚಿಂತೆಗೆ ಮಾತ್ರ ರಜೆಯಿಲ್ಲ. ನನ್ನ ಮಾತುಗಳು ಅಲ್ಲಲ್ಲಿ ಎಡವಟ್ಟಾಗಿ ಕಂಡರೆ ಹೊಟ್ಟೆಗೆ ಹಾಕಿಕೊಳ್ಳಿ. ನಿಮ್ಮ ಕಾಲದ ಬರವಣಿಗೆಯನ್ನು ಹಳೆಯ ಪತ್ರಿಕೆಗಳಿಂದ ಕಲಿತವಳು ನಾನು. ತಿದ್ದುವುದಕ್ಕೆ ನಿಮ್ಮ ಪೈಕಿಯವರು ಯಾರೂ ಉಳಿದಿಲ್ಲ. ಇನ್ನೊಂದು ತೊಡಕೂ ಇದೆ. ಹುಟ್ಟಿದ ವರ್ಷ ನೋಡಿದರೆ ನೀವು ನನ್ನ ಮುತ್ತಜ್ಜನಿಗೂ ಹಿರಿಯರು. ಈ ಪತ್ರ ಓದುವ ದಿನ ಮಾತ್ರ ನೀವು ಮೀಸೆ ಈಗಷ್ಟೇ ದಪ್ಪಗಾದ ಹುಡುಗ, ನಾನು ಮಂಡಿನೋವಿನ ಮುದುಕಿ. ಅದಕ್ಕೇ ನೀವು ಎಂದು ಶುರು ಮಾಡಿದ್ದೇನೆ. ಸಿಟ್ಟು ಬಂದಾಗ ನಾಲಿಗೆ ನೀನು ಎಂದೀತು. ಸಿಟ್ಟು ಬಂದೇ ಬರುತ್ತದೆ, ಈಗಲೇ ಹೇಳಿಬಿಡುತ್ತೇನೆ.

ಇದಕ್ಕೆ ನಾವು ಹಿಂದೋಲೆ ಎನ್ನುತ್ತೇವೆ, ಹಿಂದಿನ ಕಾಲಕ್ಕೆ ಹಾಕುವ ಓಲೆ. ನಮ್ಮ ಅಂಚೆಮನೆಯಲ್ಲಿ ಇದಕ್ಕೆಂದೇ ಒಂದು ಕಿಟಕಿ ಇದೆ. ಅಲ್ಲಿ ಸಾಲು ಇರುವುದಿಲ್ಲ, ಏಕೆಂದರೆ ಓಲೆ ಮುಟ್ಟಿತೋ ಇಲ್ಲವೋ ಯಾರಿಗೂ ತಿಳಿಯುವುದಿಲ್ಲ, ಉತ್ತರವೂ ಬರುವುದಿಲ್ಲ. ಕಿಟಕಿಯಲ್ಲಿ ಕೂತ ಹುಡುಗಿ ನನ್ನ ಮುಖ ನೋಡಿ, "ಮುಟ್ಟಿ ಕೆಲಸ ಆತು ಅಂದ್ರ, ನೀವು ಓಲೆ ಬರದದ್ದೂ ನಿಮಗ ನೆನಪಿರೂದಿಲ್ರಿ ಅಜ್ಜಿ. ನೋಡ್ಕೊಂಡು ಹಾಕ್ರಿ" ಎಂದಳು. ನೋಡಿಕೊಳ್ಳುವುದಕ್ಕೆ ನನಗೆ ಪುರುಸೊತ್ತಿಲ್ಲ. ಬಿಡುತಿಂಗಳು ಮುಗಿಯುವುದರೊಳಗೆ ನನ್ನ ಅಕ್ಕ ಚಂದ್ರವ್ವನ ನಾಟಕ ಕಂಪನಿ ಅವಳ ಕೈ ಬಿಟ್ಟು ಹೋಗುತ್ತದೆ. ಅದನ್ನು ತಡೆಯಬಲ್ಲವರು ಒಬ್ಬರೇ. ಅದು ನೀವು, ಅದೂ ನಾಳೆ, ನಿಮ್ಮ ನಾಳೆ.

ನಾಳೆ ನೀವು 'ಮುಕ್ಕಾಂ' ಎಂಬ ಆಟವನ್ನು ಬಾಗಲಕೋಟೆಯ ನಸೀಮಾ ಎಂಬವರಿಗೆ ಮಾರಲಿದ್ದೀರಿ. ನಾಟಕ ಕಂಪನಿ ಕಟ್ಟಿಕೊಂಡು ಊರೂರು ತಿರುಗಿ, ತಂಬು ಹಾಕಿ, ಪರದೆ ಬರೆಸಿ, ನಟರಿಗೆ ಮಾತು ಕಲಿಸಿ ಪ್ರಯೋಗ ಮಾಡುವ ಕಂಪ್ಯೂಟರ್ ಆಟ; ಅಕ್ಕನ ಕಂಪನಿ ಎಂದರೂ ಇದೇ. ಮೊಬೈಲ್ ರಿಪೇರಿ ಅಂಗಡಿ ಶುರು ಮಾಡುತ್ತಿದ್ದೀರಿ, ಇನ್ನು ಕಂಪನಿ ನಡೆಸಲು ಹೊತ್ತು ಸಿಗುವುದಿಲ್ಲ ಎಂದು ಮಾರುತ್ತಿದ್ದೀರಿ. ನಿಮ್ಮ ಮಾರಾಟ ನಮ್ಮಲ್ಲಿ ಎಷ್ಟು ಹೆಸರಾಗಿದೆ ಎಂದು ಕೇಳಿದರೆ ನೀವು ನಗುತ್ತೀರಿ. ಆಟಗಳನ್ನು ಕೈ ಬದಲಿಸಿಕೊಡುವುದು ನನ್ನ ಕಸುಬು, ಅದಕ್ಕೆ ಹೊಸದಾಗಿ ಬಂದವರಿಗೆ ನಾನು ಅದನ್ನೇ ಪಾಠ ಮಾಡುತ್ತೇನೆ. ಖಾತೆಯನ್ನು ಕೈ ಬದಲಿಸಲು ಆಟ ತಯಾರಿಸಿದವರ ಒಪ್ಪಿಗೆ ಇದೆಯೇ ಎಂದು ಮೊದಲು ನೋಡಿದಿರಿ. ಒಪ್ಪಿಗೆಯಿಲ್ಲದ ಆಟ ಮಾರಿ ಖಾತೆಯನ್ನೇ ಕಳೆದುಕೊಂಡವರು ಆಟ ಆಡುವವರ ನಿಮ್ಮ ಆನ್‌ಲೈನ್ ಗುಂಪಿನಲ್ಲೇ ಬೇಕಾದಷ್ಟು ಜನ. ದುಡ್ಡು ಹಾಕಿದ್ದೇನೆ ಎಂದು ಸುಳ್ಳು ಸ್ಕ್ರೀನ್‌ಶಾಟ್ ಕಳಿಸಿದವನನ್ನು ಬ್ಯಾಂಕಿನ ಖಾತೆ ನೋಡಿಯೇ ದೂರ ಇಟ್ಟಿರಿ. "ಬ್ರದರ್, ಒಂದು ಕೋಡ್ ಬಂದೈತಿ ನೋಡ್ರಿ, ಅದನ್ನಷ್ಟ ಹೇಳಿಬಿಡ್ರಿ" ಎಂದು ಬೆನ್ನು ಬಿದ್ದವನಿಗೆ "ನಿಮ್ಮ ಅವ್ವಗ ಕೇಳ್ರಿ, ಆಕಿ ಹೇಳ್ತಾಳ" ಎಂದಿರಿ. ಈ ಉತ್ತರ ಹೇಳಿದಾಗ ನನ್ನ ತರಗತಿ ಪ್ರತಿಸಲವೂ ನಗುತ್ತದೆ. ನಸೀಮಾ ಜೊತೆ ವಿಡಿಯೊ ಕರೆಯಲ್ಲಿ ಮಾತಾಡಿ ಆಟವನ್ನು ಆಡಿ ತೋರಿಸಿದಿರಿ. ನಾಳೆ ಹಣವನ್ನು ಇಬ್ಬರೂ ಒಪ್ಪಿದ ನಡುವಿನವರ ಕೈಯಲ್ಲಿ ಇರಿಸಿ, ಖಾತೆ ಆಕೆಯ ಕೈಗೆ ಬಂದ ಮೇಲೆಯೇ ಅದು ನಿಮಗೆ ಸೇರುವಂತೆ ಮಾಡುತ್ತೀರಿ. ನನಗೆ ತಿಳಿದ ಪಾಸ್‌ವರ್ಡ್ ಬೇಡ, ಅವರೇ ಹೊಸದು ಹಾಕಿಕೊಳ್ಳಲಿ ಎಂದು ಪರದೆಯಿಂದ ಮುಖ ತಿರುಗಿಸಿ ಕೂರುತ್ತೀರಿ. ಇಷ್ಟು ಮಾಡಿದ ಮನುಷ್ಯ ಒಂದು ಕಡೆ ಎಡವಿದ. ಅದು ನಾಳೆಯ ಮಾತು, ಸ್ವಲ್ಪ ತಾಳಿ.

ಮೊದಲು ನಮ್ಮ ಕಡೆಯ ರೀತಿ ತಿಳಿಯಬೇಕು. ನಮ್ಮ ಕಾಲದಲ್ಲಿ ದೂರದಿಂದ ಏನನ್ನೂ ಕೊಳ್ಳುವುದಿಲ್ಲ, ಮಾರುವುದಿಲ್ಲ. ಯಾರ ಮುಖವನ್ನಾದರೂ, ಯಾರ ಧ್ವನಿಯನ್ನಾದರೂ ಯಂತ್ರ ಅರೆಗಳಿಗೆಯಲ್ಲಿ ಮಾಡಿಕೊಡುತ್ತದೆ. ನನ್ನ ಗೆಳತಿಯೊಬ್ಬಳು ತನ್ನ ಗಂಡನೆಂದೇ ನಂಬಿ ಇಡೀ ಮಧ್ಯಾಹ್ನ ಪರದೆಯಲ್ಲಿ ಯಂತ್ರದ ಜೊತೆ ಮಾತಾಡಿದಳು, ಗಂಡ ಪಕ್ಕದ ಕೋಣೆಯಲ್ಲೇ ಮಲಗಿದ್ದ. ಆದ್ದರಿಂದ ಆಟ ಬದಲಿಸುವವರು ಕಟ್ಟೆಗೆ ಬರಬೇಕು. ಹಳೆಯ ಬಸ್ ನಿಲ್ದಾಣದ ಜಾಗದಲ್ಲಿ ಈಗ ಬೇವಿನ ತೋಪಿದೆ, ಅದರ ನಡುವೆ ನಮ್ಮ ನಡುಕಟ್ಟೆ. ಮಧ್ಯಾಹ್ನ ಊರಿಗೆ ಊರೇ ಬಿಸಿಲುರಜೆಯಲ್ಲಿ ಮಲಗಿರುತ್ತದೆ, ಟ್ರಾಮುಗಳೂ ನೆರಳು ಹುಡುಕಿ ನಿಲ್ಲುತ್ತವೆ. ಇಳಿಹೊತ್ತಿಗೆ ಕಟ್ಟೆ ತುಂಬುತ್ತದೆ. ಬಂದವರು ಮನುಷ್ಯರೇ ಎಂದು ತಿಳಿಯುವುದಕ್ಕೆ ನಮ್ಮದೊಂದು ಪದ್ಧತಿ. ಇಬ್ಬರೂ ಒಂದೇ ತಟ್ಟೆಯಲ್ಲಿ ಮಂಡಕ್ಕಿಯ ಗಿರಮಿಟ್ಟು ತಿನ್ನಬೇಕು, ಜೊತೆಗೆ ಒಂದೊಂದು ಮಿರ್ಚಿ ಬಜ್ಜಿ. ಖಾರ ಹತ್ತಿ ಕಣ್ಣು ಮೂಗು ಸುರಿದವರು ಮನುಷ್ಯರು. ಆಮೇಲೆ ಒಬ್ಬರ ಆಟವನ್ನು ಇನ್ನೊಬ್ಬರು ಅಲ್ಲೇ ಕೂತು ಬೇಕಾದಷ್ಟು ಹೊತ್ತು ಆಡಿ ನೋಡುತ್ತಾರೆ. ಎರಡೂ ಆಟಗಳ ಕೀಲಿ ಅಷ್ಟು ಹೊತ್ತೂ ನಡುವಿನವಳಾದ ನನ್ನ ಹತ್ತಿರ ಇರುತ್ತದೆ. ಇಬ್ಬರೂ ಬಾಯಿಬಿಟ್ಟು "ಸಾಕ್ರಿ" ಎಂದ ಮೇಲೆ ಕೀಲಿ ಅದಲುಬದಲು ಮಾಡಿಕೊಡುತ್ತೇನೆ. ಒಬ್ಬರೇ ಅಂದರೆ ಇಲ್ಲ, ತಲೆ ಆಡಿಸಿದರೂ ಇಲ್ಲ.

ನಮ್ಮ ಅಕ್ಕನ ವಿಷಯಕ್ಕೆ ಬರುತ್ತೇನೆ. ಬರೆಯುತ್ತ ಬರೆಯುತ್ತ ನಾಲ್ಕು ಸಲ ಎದ್ದು ಅವಳ ಮನೆಯ ಕಡೆ ನೋಡಿ ಬಂದೆ. ಬಾಗಿಲು ಹಾಕಿದೆ, ಒಳಗೆ ಹಾರ್ಮೋನಿಯಂ ಕೇಳುತ್ತಿದೆ. ನಿಂತು ನಿಂತು ಕೇಳುತ್ತಿದೆ, ಅದೇ ನನಗೆ ಸಂಕಟ.

ನಮ್ಮಲ್ಲಿ ಆಟಗಳು ಎರಡು ಬಗೆ. ಹೊಸ ಆಟ ಮತ್ತು ಕಲಿತ ಆಟ. ಹೊಸದು ಯಾರಿಗೆ ಬೇಕಾದರೂ ಸಿಗುತ್ತದೆ. ಕಲಿತ ಆಟ ಎಂದರೆ ಆಡಿದವರಿಂದ ಕಲಿಯುತ್ತ ಬಂದದ್ದು, ಕೈಯಿಂದ ಕೈಗೆ ಬದಲಾಗುತ್ತ ಬಂದದ್ದು. ಅದಕ್ಕೆ ನಕಲು ತೆಗೆದರೆ ಕಲಿತದ್ದೆಲ್ಲ ಮರೆತು ಪೆದ್ದಾಗಿ ಕೂರುತ್ತದೆ. ಆದ್ದರಿಂದ ಒಂದೊಂದೂ ಲೋಕಕ್ಕೆ ಒಂದೇ. ನಿಮ್ಮ 'ಮುಕ್ಕಾಂ' ನಮ್ಮ ಭಾಗದ ಅತಿ ಹಳೆಯ ಕಲಿತ ಆಟ. ನೀವು ಹೆಸರಿಟ್ಟ ನಾಯಕಿ ಚಂಪಾಬಾಯಿ ಈಗಲೂ ಇದ್ದಾಳೆ. ನಿಮ್ಮ ನಂತರ ಬಂದವರೆಲ್ಲ ಆಕೆಗೆ ತಮ್ಮ ತಮ್ಮ ಓಣಿಯ ಮಾತು, ತಮ್ಮ ಅಜ್ಜಿಯ ಹಾಡು ಕಲಿಸಿದ್ದಾರೆ. ಈಗ ಆಕೆ ಒಂದೇ ಪದ್ಯದಲ್ಲಿ ಮೂರು ಊರಿನ ರಾಗ ಎಳೆಯುತ್ತಾಳೆ, ನಡುವೆ ತಾನೇ ಹೊಸದೊಂದು ತಿರುವು ಸೇರಿಸಿ ಹಾರ್ಮೋನಿಯಂ ಮಾಸ್ತರನ ಕಡೆ ವಾರೆಗಣ್ಣಿನಿಂದ ನೋಡುತ್ತಾಳೆ, ಹಿಡಿ ನೋಡೋಣ ಎಂಬಂತೆ. ಹಾಸ್ಯಗಾರ ಗುಂಡೋಪಂತನೂ ಇದ್ದಾನೆ. ನಾಟಕ ಮುಗಿದು ಜನ ಎದ್ದು ಹೋದ ಮೇಲೆ ಅವನು ಪೆಟ್ಟಿಗೆಯ ಮೇಲೆ ಕೂತು ಬಣ್ಣ ಒರೆಸಿಕೊಳ್ಳುತ್ತ ಖಾಲಿ ಕುರ್ಚಿಗಳಿಗೆ ಹೇಳುತ್ತಾನೆ: "ಎಲ್ಲಾರದೂ ಊಟ ಆತಿಲ್ರೀ? ನಂದಿನ್ನೂ ಆಗಿಲ್ಲ. ನಗಸೋದ್ರಾಗ ಹೊತ್ತು ಹೋತು." ಇಷ್ಟೇ ಮಾತು. ಅಕ್ಕ ಅದನ್ನು ಎಷ್ಟು ಸಲ ಕೇಳಿದರೂ ನಗುತ್ತಾಳೆ, ನಕ್ಕು ಮುಗಿಸಿ ಮೂಗು ಸೀಟುತ್ತಾಳೆ.

ಚಂದ್ರವ್ವ ಜೀವಮಾನವೆಲ್ಲ ಒಂದು ಕೆರೆಯ ಆಟ ಆಡಿದವಳು. ಬರಡು ತಗ್ಗಿಗೆ ನೀರು ತುಂಬಿಸಿ, ಜೊಂಡು ಬೆಳೆಸಿ, ಹಕ್ಕಿ ಬರಿಸಿ, ಮೂವತ್ತು ವರ್ಷ ಅದೇ ದಂಡೆಯ ಮೇಲೆ ಕೂತಳು. ನಾವೆಲ್ಲ ಅವಳನ್ನು ಕೆರೆ ಅಕ್ಕ ಎಂದೇ ಕಾಡಿಸುತ್ತಿದ್ದೆವು. ಭಾವ ಹೋದ ಮೇಲೆ ಒಂದು ದಿನ ಕಟ್ಟೆಗೆ ಬಂದು, "ಶಾಕವ್ವಾ, ನನಗ ಈ ಸುಮ್ಮನಿರೂದು ಸಾಕಾತು. ಗದ್ದಲ ಬೇಕ. ಯಾರರ ನಾಟಕದ ಆಟ ಕೊಡ್ತಾರೇನ ನೋಡು" ಎಂದಳು. ಅದೇ ವಾರ ಟ್ರಾಮು ಓಡಿಸುತ್ತಿದ್ದ ಕುಬೇರಪ್ಪ ಬಂದರು. ಅವರ ಕೈಯಲ್ಲಿ 'ಮುಕ್ಕಾಂ' ಇತ್ತು. "ಜೀವನಾ ಪೂರ್ತಿ ಗಂಟಿ ಬಾರಿಸಿ ಮಂದಿ ಹತ್ತಿಸೀನ್ರೀ, ಇಲ್ಲೂ ಗಂಟಿ ಬಾರಿಸಿ ಮಂದಿ ಕೂಡಸೂದ ಆಗೇತಿ. ಎಲ್ಲರ ನೀರಿನ ದಂಡಿಗೆ ಕುಂದ್ರೂ ಆಟ ಇದ್ರ ಹೇಳ್ರಿ" ಎಂದರು. ಇದಕ್ಕಿಂತ ಒಳ್ಳೆಯ ಜೋಡಿ ನಾನು ಕಂಡಿಲ್ಲ. ಇಬ್ಬರೂ ಗಿರಮಿಟ್ಟು ತಿಂದು ಕಣ್ಣೊರೆಸಿಕೊಂಡರು, ಇಬ್ಬರೂ ಸಾಕ್ರಿ ಎಂದರು. ಅಕ್ಕ ಕೆರೆ ಕೊಟ್ಟಳು, ಕಂಪನಿ ಕೊಂಡಳು. ಅರವತ್ತೆಂಟನೆಯ ವಯಸ್ಸಿನಲ್ಲಿ ಹಾರ್ಮೋನಿಯಂ ಮಾಸ್ತರಾಗಿ ಚಂಪಾಬಾಯಿಯ ಎದುರು ಕೂತಳು. ಆ ದಿನಗಳಲ್ಲಿ ಅವಳ ನಡಿಗೆಯೇ ಬೇರೆಯಾಗಿತ್ತು, ಮೆಟ್ಟಿಲು ಎರಡೆರಡು ಹತ್ತುತ್ತಿದ್ದಳು.

ಈಗ ಹಗ್ಗದ ಮಾತು.

ನಾಳೆ ಬೆಳಿಗ್ಗೆ ನಿಮ್ಮ ಅಜ್ಜಿ ಚಹಾ ಕೊಡುತ್ತ ಏನು ಮಾರುತ್ತಿದ್ದೀ ಎಂದು ಕೇಳುತ್ತಾರೆ. ನಿಮ್ಮದು ದನದ ವ್ಯಾಪಾರದ ಮನೆತನ. ಅಜ್ಜ ಸಂತೆಯಲ್ಲಿ ಎತ್ತು ಹೋರಿ ಕೈ ಬದಲಿಸಿದವರು. ಆಟ ಎಂದರೆ ಏನೆಂದು ಅಜ್ಜಿಗೆ ತಿಳಿಯದಿದ್ದರೂ ಮಾರಾಟ ಎಂದರೆ ಏನೆಂದು ಚೆನ್ನಾಗಿ ತಿಳಿದಿದೆ. "ಮಾರೂದಾದ್ರ ಮಾರು, ತಮ್ಮಾ. ಹಗ್ಗ ಮಾತ್ರ ಕೊಡಬ್ಯಾಡ. ಹಗ್ಗದ ಸಂಗಾಟ ಮನಿ ಲಕ್ಷ್ಮೀನೂ ಹೋಗ್ತಾಳ" ಎನ್ನುತ್ತಾರೆ. ದನ ಮಾರಿದವರು ಹಗ್ಗ ಬಿಚ್ಚಿಕೊಂಡು ಬರುತ್ತಾರೆ, ಕೊಂಡವರು ತಮ್ಮ ಹಗ್ಗ ತರುತ್ತಾರೆ, ನಿಮ್ಮಲ್ಲಿ ನಡೆದು ಬಂದ ಪದ್ಧತಿ. ದನಕ್ಕೆ ಅದು ಸರಿ. ಹಗ್ಗ ಬಿಚ್ಚಿಕೊಂಡ ಮೇಲೆ ದನ ನಿಮ್ಮ ಹಿಂದೆ ಬರುವುದಿಲ್ಲ. ನೀವು ಅಜ್ಜಿಯ ಮಾತನ್ನು ಎಲ್ಲಿಗೆ ತಂದು ಅಂಟಿಸಿದಿರಿ ನೋಡಿ. ಪಾಸ್‌ವರ್ಡ್ ಮರೆತರೆ ಖಾತೆಯನ್ನು ಮರಳಿ ಪಡೆಯುವುದಕ್ಕೆಂದು ಒಂದು ಇಮೇಲ್, ಒಂದು ಫೋನ್ ನಂಬರು ಕೊಟ್ಟಿರುತ್ತೀರಲ್ಲ, ಅದೇ ಹಗ್ಗ ಎಂದು ಬಗೆದು ಅದನ್ನು ಹಾಗೆಯೇ ಉಳಿಸಿಕೊಂಡಿರಿ. ನಸೀಮಾ ಹೊಸ ಪಾಸ್‌ವರ್ಡ್ ಹಾಕಿಕೊಂಡರು, ಎಲ್ಲ ಆಯಿತು ಎಂದುಕೊಂಡರು. ಖಾತೆಯ ಬೇರು ನಿಮ್ಮ ನಂಬರಿನಲ್ಲೇ ಉಳಿಯಿತು. ಮೋಸ ಮಾಡಬೇಕೆಂದು ನೀವು ಮಾಡಲಿಲ್ಲ, ನನಗೆ ಗೊತ್ತು. ಒಳ್ಳೆಯದಾಗಲಿ ಎಂದೇ ಮಾಡಿದಿರಿ. ಕೆಲವು ವರ್ಷ ಕಳೆದ ಮೇಲೆ ನೀವೇ ನಿಮ್ಮ ಗುಂಪಿನಲ್ಲಿ ಹೆಮ್ಮೆಯಿಂದ ಬರೆದಿರಿ, ನಮ್ಮ ಮನೆಯಲ್ಲಿ ಹಗ್ಗ ಕೊಡುವುದಿಲ್ಲ ಎಂದು. ಜನರಿಗೆ ಅದು ಬಹಳ ಹಿಡಿಸಿತು. ಮಾರುವವರೆಲ್ಲ ಒಂದೊಂದು ಹಗ್ಗ ಇಟ್ಟುಕೊಳ್ಳತೊಡಗಿದರು. ರೂಢಿಯಾಯಿತು, ಆಮೇಲೆ ಕಾನೂನೂ ಆಯಿತು. ಈಗ ಯಾವ ಕಲಿತ ಆಟವನ್ನು ಎತ್ತಿದರೂ ಹಿಂದೆ ಒಂದು ಹೊರೆ ಹಗ್ಗ ನೇತಾಡುತ್ತಿರುತ್ತದೆ, ಮತ್ತು ಮೊದಲ ಹಗ್ಗವೇ ಎಲ್ಲಕ್ಕಿಂತ ದೊಡ್ಡದು. ಅದನ್ನು ಹಿಡಿದವರು ಜಗ್ಗಿದರೆ ಆಟ ಅವರ ಮನೆಗೆ ಹೋಗುತ್ತದೆ, ನಡುವೆ ಯಾರು ಆಡಿದರು, ಯಾರು ಕಲಿಸಿದರು ಎಂದು ಕೇಳುವವರಿಲ್ಲ.

ಕಂಪನಿಯ ಮೊದಲ ಹಗ್ಗ ಸಂಶಿಯವರ ಮನೆಯಲ್ಲಿದೆ ಎಂದು ಕಟ್ಟೆಯಲ್ಲಿ ಎಲ್ಲರಿಗೂ ಗೊತ್ತಿತ್ತು. ಅಕ್ಕನಿಗೂ ಹೇಳಿದ್ದೆ. "ಮನೆತನಸ್ಥರ ಕೈಯಾಗೈತಿ, ಇರ್ಲಿ ಬಿಡು. ಇಷ್ಟು ವರ್ಸ ಜಗ್ಗದವರು ಈಗ ಜಗ್ತಾರ?" ಎಂದಳು. ನಿಮ್ಮ ಮನೆಯವರು ಆಯುಧಪೂಜೆಗೆ ಬಿಡದೆ ಆ ನಂಬರಿನ ಫೋನಿಗೆ ಕುಂಕುಮ ಹಚ್ಚಿ ರೀಚಾರ್ಜ್ ಮಾಡಿಸುತ್ತ ಬಂದಿದ್ದಾರೆ ಎಂದು ನಮಗೇನು ಗೊತ್ತು! ಈಗ ಅದು ನಿಮ್ಮ ವಂಶದ ಮಿಹಿರ ಎಂಬವನ ಕೈಯಲ್ಲಿದೆ. ಅವನು ಕಾರವಾರದಾಚೆ ತೇಲೂರಿನಲ್ಲಿರುತ್ತಾನೆ. ತೇಲೂರು ಎಂದರೆ ಸಮುದ್ರದ ಮೇಲೆ ತೇಲುವ ಊರು. ಅವನಿಗೆ ನಾಟಕ ಬೇಡ, ಕಂಪನಿ ಬೇಡ. ಕಂಠಗಳು ಬೇಕು, ಅದಕ್ಕೇ ಹಗ್ಗ ಜಗ್ಗಿದ್ದಾನೆ. ಹಳೆಯ ಕಲಿತ ಆಟದ ಪಾತ್ರಗಳ ಧ್ವನಿಯನ್ನು ಬಿಡಿಸಿ ಮಾರುವುದು ಅವನ ವ್ಯಾಪಾರ. ಇನ್ನು ಮುಂದೆ ಚಂಪಾಬಾಯಿಯ ಕಂಠ ಯಾವುದೋ ಕಟ್ಟಡದ ಲಿಫ್ಟಿನಲ್ಲಿ ಬಾಗಿಲು ಮುಚ್ಚುತ್ತಿದೆ ಎನ್ನುತ್ತದೆ, ಗುಂಡೋಪಂತ ಯಾವುದೋ ಅಂಗಡಿಯಲ್ಲಿ ಸಾಲಾಗಿ ನಿಲ್ಲಿ ಎನ್ನುತ್ತಾನೆ. ನಾನು ಅವನ ಜೊತೆ ಮಾತಾಡಿದೆ, ಕೈ ಮುಗಿದೆ. ಒರಟನಲ್ಲ, ಮರ್ಯಾದೆಯಿಂದಲೇ ಹೇಳಿದ: "ಅಜ್ಜಿ, ನಾನೇನೂ ಕದ್ದಿಲ್ಲವಲ್ಲ. ನಮ್ಮ ಮನೆಯ ಹಗ್ಗ, ನಾನು ಜಗ್ಗಿದೆ."

ಜಗ್ಗಿದ ಆಟ ಒಮ್ಮೆಲೇ ಹೋಗುವುದಿಲ್ಲ, ಬಿಡುತಿಂಗಳ ಉದ್ದಕ್ಕೂ ಸೋರುತ್ತದೆ. ಮೊದಲು ಪ್ರೇಕ್ಷಕರು ಹೋದರು. ಅಕ್ಕ ಖಾಲಿ ಕುರ್ಚಿಗಳಿಗೇ ನಾಟಕ ಆಡಿಸಿದಳು. ಆಮೇಲೆ ಪರದೆಯ ಅರಮನೆ ಹೋಯಿತು, ತೋಟ ಹೋಯಿತು. ನಿನ್ನೆ ಸಖಿಯರಿಗೆ ಮಾತು ನಿಂತಿತು, ಬರಿ ಬಾಯಿ ಆಡಿಸುತ್ತಿದ್ದರು. ಚಂಪಾಬಾಯಿ ಪದ್ಯದ ನಡುವೆ ಒಂದೊಂದು ಸಾಲು ಮರೆಯುತ್ತಿದ್ದಾಳೆ. ಆ ಜಾಗದಲ್ಲಿ ಅಕ್ಕ ಹಾರ್ಮೋನಿಯಂ ನಿಲ್ಲಿಸಿ ಕಾಯುತ್ತಾಳೆ. ಅವಳು ನನ್ನನ್ನು ಬೈಯಲಿಲ್ಲ. ಬೈದಿದ್ದರೆ ನನಗೆ ಅನ್ನವಾದರೂ ಇಳಿಯುತ್ತಿತ್ತು.

ಈರಬಸು, ನಿಮಗೆ ಗೊತ್ತಿಲ್ಲದ ಇನ್ನೊಂದು ಸಂಗತಿ ಹೇಳಬೇಕು, ಏಕೆಂದರೆ ನೀವು ಅದನ್ನು ಇನ್ನೂ ಮಾಡಿಲ್ಲ. ಅಂಗಡಿ ಶುರುವಾಗಿ ಕೆಲವು ವಾರಕ್ಕೆ ನಿಮಗೆ ಕಂಪನಿಯ ನೆನಪು ಕಾಡುತ್ತದೆ. ಹಗ್ಗ ಕೈಯಲ್ಲೇ ಇದೆ. ನಸೀಮಾ ಇಲ್ಲದ ಹೊತ್ತು ನೋಡಿ, ನಿಮ್ಮ ನಂಬರಿಗೆ ಬರುವ ಕೋಡ್ ಹಾಕಿ ಒಳಗೆ ಹೋಗುತ್ತೀರಿ. ಏನೂ ಒಯ್ಯುವುದಿಲ್ಲ. ಮೊದಮೊದಲು ಸುಮ್ಮನೆ ಕೂತು ನೋಡಿ ಬರುತ್ತೀರಿ. ಮತ್ತೆ ಹೋಗುತ್ತೀರಿ. ಗುಂಡೋಪಂತನ ಆ ಮಾತು, ಅಕ್ಕ ಅತ್ತು ನಗುವ ಮಾತು, ನೀವು ಹಾಗೆ ಕದ್ದು ಹೋದಾಗ ಒಂದು ಸಲ ಕಲಿಸಿದ್ದು, ಆಟದ ಹಳೆಯ ದಾಖಲೆಯಲ್ಲಿ ಇದೆ. ಅದು ಎಷ್ಟು ಚೆಲುವಾದ ಮಾತಾದರೂ ಇರಲಿ, ಆ ಹೆಣ್ಣುಮಗಳಿಗೆ ಏನಾಯಿತು ಕೇಳು. ಆಕೆ ಪಾಸ್‌ವರ್ಡ್ ಬದಲಿಸಿದಳು, ನೀನು ಮತ್ತೆ ಬಂದೆ. ಮತ್ತೆ ಬದಲಿಸಿದಳು, ಮತ್ತೆ ಬಂದೆ. ವರ್ಷ ತುಂಬುವುದರೊಳಗೆ ಬೇಸತ್ತು ಮಾರಿಬಿಟ್ಟಳು. ಆಕೆ ಕೊಂಡವರಿಗೆ ಹೇಳಿದ ಮಾತು ಬಾಯಿಂದ ಬಾಯಿಗೆ ನಮ್ಮವರೆಗೂ ಬಂದಿದೆ: "ನಾ ಇಲ್ಲದಾಗ ಯಾರೋ ಬಂದು ಹೋಗ್ತಾರ್ರೀ. ಏನೂ ಒಯ್ಯೂದಿಲ್ಲ. ಅದಕ್ಕ ಹೆದರಿಕಿ ಬರ್ತೈತಿ." ನೀನು ಕಳ್ಳನಲ್ಲ, ಈರಬಸು. ಆದರೆ ಮಾರಿದ ಮನೆಗೆ ಹೊಕ್ಕು ಕೂತವನನ್ನು ಆ ಮನೆಯವಳು ಏನೆಂದು ಕರೆಯಬೇಕು? ನಿನಗೆ ಅದು ಪ್ರೀತಿ. ಆಕೆಗೆ ಬಾಗಿಲ ಸದ್ದು.

ಸಿಟ್ಟು ಬರುತ್ತದೆ ಎಂದು ಹೇಳಿದ್ದೆನಲ್ಲ, ಬಂತು. ಎದ್ದು ನೀರು ಕುಡಿದು ಬಂದೆ.

ಇವತ್ತು ಇಳಿಹೊತ್ತಿಗೆ ಅಕ್ಕ ಕಟ್ಟೆಗೆ ಬಂದಳು. ಕುಬೇರಪ್ಪನವರಿಗೂ ಬರಲು ಹೇಳಿಕಳಿಸಿದ್ದಳು. ಏಕೆ ಬಂದಳೆಂದು ನನಗೆ ತಿಳಿಯಿತು, ಎದೆ ಹಗುರಾಯಿತು. ರೂಢಿಯಂತೆ ಅವಳೂ ತನ್ನ ಕೆರೆಗೆ ಹಗ್ಗ ಇಟ್ಟುಕೊಂಡಿದ್ದಳಲ್ಲ. ಕೆರೆಯನ್ನು ಮೊದಲಿಂದ ಕಟ್ಟಿದವಳು ಅವಳೇ, ಹಾಗಾಗಿ ಅದು ಮೊದಲ ಹಗ್ಗ. ಜಗ್ಗಿದರೆ ಕೆರೆ ಅವಳದೇ. ಕಂಪನಿ ಹೋದರೂ ಕೆರೆಯಾದರೂ ಉಳಿಯುತ್ತದೆ. ಕಾನೂನಿದೆ, ರೂಢಿಯಿದೆ, ಯಾರೂ ಬೆರಳು ತೋರಿಸುವಂತಿಲ್ಲ. ನಾನೇ ದಿನವೂ ಅವಳ ಬಾಗಿಲ ಹೊರಗೆ ನಿಂತು ಜಗ್ಗು ಅಕ್ಕ, ಜಗ್ಗು ಎಂದು ಹೇಳುತ್ತಿದ್ದೆ. ಕುಬೇರಪ್ಪನವರಿಗೂ ತಿಳಿದಿತ್ತು. ಪಾಪ, ಮುಖ ಬಾಡಿಸಿಕೊಂಡು ಬಂದು ಕೂತರು. "ಜಗ್ರಿ ಚಂದ್ರವ್ವಾರ, ನಂದೇನೂ ಬ್ಯಾಸರಿಲ್ಲ. ಹೊಸ ಮರಿ ಆಗ್ಯಾವು ನೀರಕೋಳಿ, ಅವನ್ನಷ್ಟ ನಾಕ ದಿನ ನೋಡಿದ್ನೆಂದ್ರ ಸಾಕು" ಎಂದರು. ಕಟ್ಟೆಯ ಮೇಲಿದ್ದವರೆಲ್ಲ ಬೇರೆ ಕಡೆ ನೋಡಿದರು.

ಅಕ್ಕ ಅವರ ಪಕ್ಕ ಕೂತಳು. ಕೂತು, ಕೆರೆಯ ಖಾತೆ ತೆರೆದು, ತನ್ನ ಗುರುತನ್ನು ತೆಗೆದುಹಾಕಿದಳು. ಮರಳಿ ಪಡೆಯುವ ನಂಬರಿನ ಜಾಗಕ್ಕೆ ಕುಬೇರಪ್ಪನವರ ನಂಬರು ಹಾಕಿಸಿದಳು. ಇಮೇಲಿನ ಜಾಗಕ್ಕೆ ಅವರದ್ದು. ತುರ್ತಿಗೆಂದು ಬರೆದಿಟ್ಟುಕೊಂಡಿದ್ದ ಸಂಕೇತಗಳನ್ನು ಅಳಿಸಿ ಹೊಸದು ಪಡೆಯಲು ಅವರಿಗೇ ಹೇಳಿಕೊಟ್ಟಳು. ತನ್ನ ಮನೆಯ ಯಂತ್ರದಲ್ಲಿ ಇನ್ನೂ ತೆರೆದುಕೊಂಡಿದ್ದ ಬಾಗಿಲನ್ನು ಅಲ್ಲಿಂದಲೇ ಮುಚ್ಚಿದಳು. ನಾನು ಹುಚ್ಚಿಯಂತೆ ಅವಳ ತೋಳು ಹಿಡಿದೆ. "ಅಕ್ಕಾ, ಏನ್ ಮಾಡಾಕತ್ತೀ? ಅದೂ ಹೋತು, ಇದೂ ಹೋದ್ರ ನಿನಗೇನ ಉಳಿತೈತಿ?" ಎಂದೆ. ಅವಳು ನನ್ನ ಕೈ ಬಿಡಿಸಿಕೊಳ್ಳದೆಯೇ ಹೇಳಿದಳು: "ನನ್ನ ಕಂಪನಿ ಜಗ್ಗಿದವನ ಮ್ಯಾಲ ಎಷ್ಟ ಸಿಟ್ಟೈತಿ ನನಗ, ಶಾಕವ್ವಾ. ಅದನ್ನ ಇವರ ಎದಿಯಾಗ ಹೆಂಗ ಹಾಕ್ಲಿ?" ನನ್ನ ವೃತ್ತಿಯಲ್ಲಿ ಯಾರೂ ಹಗ್ಗ ಕೊಟ್ಟದ್ದನ್ನು ನಾನು ಕಂಡಿರಲಿಲ್ಲ. ಅಳು ಬಂತು. ಕಟ್ಟೆಯವರ ಎದುರಿಗೇ ಅತ್ತುಬಿಟ್ಟೆ, ಮಿರ್ಚಿ ತಿನ್ನದೆಯೇ.

ಆದ್ದರಿಂದ ನನ್ನ ಕೇಳಿಕೆ ಇಷ್ಟು. ನಾಳೆ ಕರೆ ಮುಗಿಸುವ ಮೊದಲು ಅಕ್ಕ ಮಾಡಿದ್ದನ್ನು ನೀವೂ ಮಾಡಿ. ನಿಮ್ಮ ನಂಬರು ತೆಗೆದು ನಸೀಮಾ ಅವರದ್ದು ಹಾಕಿಸಿ. ಇಮೇಲ್ ಬದಲಾಯಿಸಿ, ಅದು ಅವರೊಬ್ಬರೇ ತೆರೆಯುವಂಥದ್ದಾಗಿರಲಿ. ತುರ್ತು ಸಂಕೇತ ಹಳೆಯದು ಕೆಡಿಸಿ. ನಿಮ್ಮ ಹಳೆಯ ಫೋನು, ಲ್ಯಾಪ್‌ಟಾಪು, ಗೆಳೆಯನ ಮನೆಯ ಟಿವಿ, ಎಲ್ಲೆಲ್ಲಿ ಲಾಗಿನ್ ಆಗಿದ್ದೀರೋ ಅಲ್ಲೆಲ್ಲ ಹೊರಬನ್ನಿ. ಆಮೇಲೆ ನೀವೇ ಒಳಗೆ ಹೋಗಲು ಪ್ರಯತ್ನ ಮಾಡಿ, ಆಕೆ ನೋಡುತ್ತಿರಲಿ. ಬಾಗಿಲು ತೆರೆಯದಿದ್ದರೆ ಮಾರಾಟ ಆಯಿತು. ಅಜ್ಜಿ ಕೇಳಿದರೆ, ಇದು ದನವಲ್ಲ, ಹಗ್ಗ ಬಿಟ್ಟರೆ ಮಾತ್ರ ಇದು ಹೊಸ ಮನೆಯಲ್ಲಿ ನಿಲ್ಲುತ್ತದೆ ಎಂದು ಹೇಳಿ. ಅಜ್ಜಿಯರಿಗೆ ತಿಳಿಸಿ ಹೇಳಿದರೆ ತಿಳಿಯುತ್ತದೆ, ನಾನೂ ಅಜ್ಜಿಯೇ.

ಹೀಗೆ ಮಾಡಿದರೆ ಏನೇನು ಬದಲಾಗುತ್ತದೋ ನಾನರಿಯೆ. ಕಂಪನಿ ಹುಬ್ಬಳ್ಳಿಗೆ ಬರದೆ ಬೇರೆ ಎಲ್ಲೋ ಹೋದೀತು. ನಸೀಮಾ ಅದನ್ನು ಮಾರದೆ ಇಟ್ಟುಕೊಂಡಾರು, ಅಕ್ಕ ಅದನ್ನು ಕಾಣದೆಯೇ ಇದ್ದಾಳು. ಗುಂಡೋಪಂತನ ಆ ಮಾತು ಹುಟ್ಟದೆಯೂ ಹೋದೀತು. ಇದನ್ನೆಲ್ಲ ಯೋಚಿಸಿ ಯೋಚಿಸಿ ಪತ್ರ ಹರಿಯಲು ಹೋಗಿದ್ದೆ. ಅಕ್ಕನನ್ನೇ ಕೇಳಿದೆ. "ಹೋದ್ರ ಹೋಗ್ಲಿ, ಹಾಕು. ಆದ್ರ ಅವಗ ಬೈಬ್ಯಾಡ, ಅಂವಂದೂ ಅದಕ್ಕ ಜೀವ ಹತ್ತಿರ್ತೈತಿ" ಎಂದಳು. ಬೈದಾಗಿತ್ತು, ಅಳಿಸಲಿಲ್ಲ.

ಅಕ್ಕ ಕಟ್ಟೆಯಿಂದ ಇಳಿದು ಮನೆಯ ದಾರಿ ಹಿಡಿದಾಗ ಕುಬೇರಪ್ಪ ಚಪ್ಪಲಿ ಹಾಕುವುದನ್ನೂ ಮರೆತು ಅವಳ ಹಿಂದೆ ಓಡಿದರು. "ಚಂದ್ರವ್ವಾರ, ಕೆರಿ ನೋಡಾಕ ಬರ್ರಿ, ದಿನಾ ಬರ್ರಿ!" ಎಂದು ಕೂಗಿದರು. ಅವಳು ನಿಂತಳು. ತಿರುಗಿ, "ನೀವು ಕರದ್ರಲ್ಲಾ, ಬರ್ತೀನ್ರಿ" ಎಂದಳು. ಈ ತಿಂಗಳಿಡೀ ಅವಳು ನಕ್ಕದ್ದು ಅದೊಂದು ಸಲ.

ಈರಬಸು, ನಾಳೆ ಹಗ್ಗ ಕೊಟ್ಟುಬಿಡು. ಅಂಗಡಿ ಶುರುವಾಗಿ ಕಂಪನಿಯ ನೆನಪು ಕಾಡಿದಾಗ ನಸೀಮಾಗೆ ಒಂದು ಫೋನ್ ಮಾಡು, ನೋಡಲು ಬರಲೇ ಎಂದು ಕೇಳು. ಕರೆಯುವವರೆಗೆ ಹೊರಗೆ ನಿಂತಿರು. ಆಕೆ ಒಳ್ಳೆಯ ಹೆಣ್ಣುಮಗಳು, ಕರೆಯುತ್ತಾಳೆ.

ಕಿಟಕಿ ಮುಚ್ಚುವ ಹೊತ್ತಾಯಿತು, ಓಡಬೇಕು.

ಶಾಕಾಂಬರಿ ಹೆಬಸೂರ